ಬಾಯಿ ಎಣಿಸಿ ಎಣ್ಣೆ ಕೊಟ್ಟವಳು

ಗಾಣದಕ್ಕನ ಕೈ ಮೊಣಕೈವರೆಗೂ ಕುಸುಬೆ ಎಣ್ಣೆಯಿಂದ ಹೊಳೆಯುತ್ತಿತ್ತು. ತಲೆಗೂದಲು ಮಾತ್ರ ಯಾವಾಗಲೂ ಒಣಕಲು. ತೆಲುಗು ಸೀಮೆಯ ಮಕ್ತಲದಲ್ಲಿ ನಮ್ಮ ಓಣಿಯ ಮೂಲೆಗೆ ಆಕೆಯ ಎಣ್ಣೆಗಾಣ. ಡಬ್ಬಿ ಚಾಚಿದವರನ್ನೆಲ್ಲ ಮೊದಲು ಕೇಳುವಳು, "ಮನ್ಯಾಗ ಬಾಯಿ ಎಷ್ಟರಿ?" ಬಾಯಿ ಎಣಿಸಿಯೇ ಅಳೆಯುವಳು. ಹೆಚ್ಚು ಕೇಳಿದರೆ, "ಕುಡೀತೀರೇನ್ರಿ?" ಎಂದು ನಗಿಸುವಳು.

ಮಕ್ಕಳೇ, ನಮ್ಮ ಕಡೆ ಬಂದವರ ತಾಟಿನಲ್ಲಿ ಚಟ್ನಿಪುಡಿಯ ನಡುವೆ ಕುಳಿ ಮಾಡಿ ಎಣ್ಣೆ ಸುರಿಯುತ್ತಾರಲ್ಲ, ಕುಳಿ ತುಂಬಿದಷ್ಟೂ ಮರ್ಯಾದೆ. ಬೇಡವೆನ್ನಲು ನನಗೆ ನಾಚಿಕೆ. ಎಷ್ಟು ಸುರಿದರೂ ತಲೆ ಬಗ್ಗಿಸಿ ಉಣ್ಣುತ್ತಿದ್ದೆ.

ನಿಮ್ಮ ಮುತ್ಯಾ, ಅಂದರೆ ನನ್ನ ಗಂಡ, ಎದೆನೋವಿನಿಂದ ಹೋದ ಮರುವರ್ಷ, ಗದ್ವಾಲದ ದವಾಖಾನೆಯಲ್ಲಿ ನನ್ನ ರಕ್ತ ನೋಡಿ, ಕೊಬ್ಬು ಬಹಳ ಇದೆ ಎಂದು ಗುಳಿಗೆ ಬರೆದರು. ನಾನೋ ಕಡ್ಡಿಯಂಥವಳು. ಚೀಟಿ ಬೇರೆ ಯಾರದೋ ಇರಬೇಕೆಂದುಕೊಂಡೆ. ಡಾಕ್ಟರನ್ನು ಕೇಳಲು ಬಾಯಿ ಬರಲಿಲ್ಲ. ಗುಳಿಗೆ ತರದೆ ಚೀಟಿಯನ್ನು ಎಣ್ಣೆಡಬ್ಬಿಯ ಕೆಳಗೆ ಮಡಿಸಿಟ್ಟೆ. ಅದು ಜಿಡ್ಡಿಗೆ ಅಂಟಿಕೊಂಡು ಡಬ್ಬಿಯ ಜೊತೆ ಗಾಣಕ್ಕೇ ಹೋಯಿತು.

ಅಕ್ಕ ಬಿಡಿಸಿ ನೋಡಿದಳು. ಅಂಥದೇ ಚೀಟಿ ಆಕೆಯ ಬಳಿಯೂ ಇತ್ತಂತೆ.

"ಇದು ನಿಂದೇನು, ತಂಗಿ?"

"ನಂದಲ್ಲಕ್ಕ. ನಾ ಎಲ್ಲಿ ದಪ್ಪ ಅದೀನಿ?"

"ನಾ ದಪ್ಪ ಅದೀನೇನು? ನನಗೂ ಐತಿ. ರಕ್ತದಾಗಿಂದು ಹೊರಗ ಕಾಣಂಗಿಲ್ಲ, ಸುಮ್ಮನ ನರದಾಗ ಕೂಡ್ತೈತಿ. ನಿನ್ನ ಗಂಡಗ ಮೊದಲ ಗೊತ್ತಾಗಿತ್ತೇನು?"

ನಾನು ಕೈ ಚಾಚಿ ಚೀಟಿ ಇಸಿದುಕೊಂಡೆ.

ಮರುದಿನ ಗಾಣ ನಿಲ್ಲಿಸಿ ನನ್ನ ಜೊತೆ ಗದ್ವಾಲದ ಬಸ್ಸು ಹತ್ತಿದಳು. ನಾನು ಕೇಳಲಾರದ್ದನ್ನೆಲ್ಲ ಡಾಕ್ಟರಿಗೆ ತೆಲುಗಿನಲ್ಲಿ ಕೇಳಿದಳು. ರಕ್ತ ಮತ್ತೆ ನೋಡಿದರು. ಚೀಟಿ ನನ್ನದೇ.

"ಎಣ್ಣಿ ಕಡಿಮಿ ಮಾಡೀನಂತ ಗುಳಿಗಿ ಬಿಡಬ್ಯಾಡ, ಗುಳಿಗಿ ನುಂಗೀನಂತ ಬಜ್ಜಿ ತಿನಬ್ಯಾಡ," ಎಂದಳು ಬರುವಾಗ. "ಯಾರರೆ ಎಣ್ಣಿ ಸುರುವಾಕ ಬಂದ್ರ ಕೈ ಅಡ್ಡ ಹಿಡಿ. ನಿನಗ ನಾಚಿಕಿ ಅಂದ್ರ ಕೈಗೂ ನಾಚಿಕೇನು?"

ಅಂದಿನಿಂದ ನನ್ನ ಡಬ್ಬಿಗೆ ಅರ್ಧವೇ ಅಳೆದಳು. ಗುಳಿಗೆಯನ್ನು ನಾನು ಒಂದು ದಿನವೂ ತಪ್ಪಿಸಲಿಲ್ಲ. ಮಂದಿಯ ಮನೆಯಲ್ಲಿ ಮಾತ್ರ ಈ ಕೈ ಏಳುತ್ತಲೇ ಇರಲಿಲ್ಲ.

ಹೋದ ಚಳಿಗಾಲ ಅಕ್ಕ ಮುಪ್ಪಿನಿಂದ ತೀರಿಕೊಂಡಳು. ಹನ್ನೊಂದನೆಯ ದಿನದ ಊಟಕ್ಕೆ ಆಕೆಯ ಸೊಸೆ ನನ್ನ ಚಟ್ನಿಪುಡಿಯಲ್ಲಿ ಕುಳಿ ಮಾಡಿ, ಅದೇ ಗಾಣದ ಎಣ್ಣೆ ಸುರಿಯಲು ಬಾಗಿದಳು. ನನ್ನ ಕೈ ತಾನೇ ಅಡ್ಡ ಹೋಯಿತು.

"ಸಾಕವ್ವ," ಎಂದೆ. ಪಂಕ್ತಿಯೆಲ್ಲ ತಿರುಗಿ ನೋಡಿತು.

"ನಮ್ಮತ್ತಿ ಕಲಿಸಿದ್ದೇನ್ರಿ?" ಎಂದ ಸೊಸೆಯ ಕಣ್ಣು ತುಂಬಿತ್ತು.

ಎರಡು ಹನಿ ಎಣ್ಣೆ ನನ್ನ ಮುಂಗೈ ಮೇಲೆ ಬಿದ್ದು ಹೊಳೆಯಿತು. ಒರೆಸಲು ಮನಸ್ಸಾಗಲಿಲ್ಲ. ನಿಮ್ಮಿಬ್ಬರನ್ನೂ ಎತ್ತಿ ಆಡಿಸುವವರೆಗೆ ಈ ಕೈಯನ್ನು ಉಳಿಸಿಕೊಟ್ಟವಳು ಆಕೆ.