“ಅಣ್ಣೆ” ಅಂದಾಗ ತಿರುಗಿದ ನೆರ್ಮಿನ್ ಮೇಡಂ

ಇವತ್ತು ಮಧ್ಯಾಹ್ನ ನನ್ನ ಹೆಂಡತಿ ಫೋನಲ್ಲಿ ಅವಳ ತಂಗಿಗೆ “ಅಣ್ಣೆ ಬತ್ತೆರ್” ಅಂದಳು. ತುಳುವಲ್ಲಿ ಅಣ್ಣ ಬಂದ್ರು ಅಂತ. ಅವಳ ಅಣ್ಣ ಶಾರ್ಜಾದಿಂದ ಮೀನು ತಂದಿದ್ರು, ಅಷ್ಟೇ. ಆದ್ರೆ ಆ ಮಾತು ಕೇಳಿದ್ರೆ ನಾನು ಬಾಗಿಲು ನೋಡೋದಿಲ್ಲ ಮಾರಾಯ್ರೆ, ಟಿವಿ ನೋಡ್ತೇನೆ. ಶುಕ್ರವಾರ ಅಲ್ ಕುಸೈಸಿನ ನಮ್ಮ ಫ್ಲಾಟಲ್ಲಿ ಟರ್ಕಿ ಸಿನಿಮಾ ಓಡ್ತಾನೇ ಇರ್ತದೆ. ಕೂತಲ್ಲಿ ಕೂರ್ಲಿಕ್ಕೆ ಆಗೋದಿಲ್ಲ ನನಗೆ. ಏಳ್ತೇನೆ, ನೀರು ಕುಡೀತೇನೆ, ಬಾಲ್ಕನಿಗೆ ಹೋಗ್ತೇನೆ, ಕಣ್ಣು ಮಾತ್ರ ಟಿವಿಯಲ್ಲಿ. “ನಿಮ್ಮ ಮೇಡಂ ಇವತ್ತೂ ಬರ್ಲಿಲ್ವಾ?” ಅಂತ ಹೆಂಡತಿ ತಮಾಷೆ ಮಾಡ್ತಾಳೆ.

ಮೇಡಂ ಅಂದ್ರೆ ನೆರ್ಮಿನ್ ಮೇಡಂ. ಕೆಲವು ವರ್ಷದ ಹಿಂದೆ ನಾನು ಶೂಟಿಂಗಿನವರ ವ್ಯಾನ್ ಓಡಿಸ್ತಿದ್ದೆ, ಅವರು ಅಸಿಸ್ಟೆಂಟ್ ಡೈರೆಕ್ಟರ್. ಮೀಸೆ ಬಂದ ಮೇಲೆ ಹತ್ತನೇ ಕ್ಲಾಸ್ ಪಾಸಾದವ ನಾನು, ಅವರದ್ದೂ ಕುಂಟು ಇಂಗ್ಲಿಷ್, ಹಾಗಾಗಿ ಸರೀ ಮಾತಾಗ್ತಿತ್ತು. ಮೊದಲು ಅವರು ಇಸ್ತಾಂಬುಲಲ್ಲಿ ಆಕ್ಟ್ರೆಸ್. ಹೀರೋಯಿನ್ ಅಲ್ಲ, ಹೀರೋಯಿನಿನ ಗೆಳತಿ, ನರ್ಸು, ಬ್ರೆಡ್ ಅಂಗಡಿ ಹೆಂಗಸು. “ನನಗಿಂತ ಬ್ರೆಡ್ಡೇ ಚೆನ್ನಾಗಿ ಕಾಣ್ತಿತ್ತು” ಅನ್ನೋರು. ಒಮ್ಮೆ ಅವರಮ್ಮ ಬೀದಿಯ ಹೆಂಗಸರನ್ನೆಲ್ಲ ಥಿಯೇಟರಿಗೆ ಕರ್ಕೊಂಡು ಹೋದ್ರಂತೆ, ಮಗಳ ಸೀನೇ ಕತ್ತರಿಸಿದ್ರಂತೆ. ಥಿಯೇಟರಿನವರು ಲೈಟು ಹಾಕುವವರೆಗೂ ಅಮ್ಮ ಕಾದ್ರಂತೆ. ಆವತ್ತಿಂದ ಮೇಡಂ ತನ್ನ ಸಿನಿಮಾ ನೋಡೋದು ಬಿಟ್ರು. ಪಾತ್ರ ಕಡಿಮೆ ಆಗಿ, ಕ್ಯಾಮರಾದ ಹಿಂದೆ ನಿಂತು ವಾಕಿಟಾಕಿ ಹಿಡಿದ್ರು.

ಹಮ್ದಾನ್ ಸ್ಟ್ರೀಟಲ್ಲಿ ಒಂದು ಟರ್ಕಿ ಸಿನಿಮಾ ಶೂಟಿಂಗ್. ಬಸ್ ಸ್ಟಾಪಲ್ಲಿ ಕಾಯುವ ಹೆಂಗಸಿನ ಪಾತ್ರದವಳು ಬರ್ಲಿಲ್ಲ. ಡೈರೆಕ್ಟರ್ ಮೇಡಂ ಅವರನ್ನೇ ನಿಲ್ಲಿಸಿದ. ಯಾರೋ ಕರೆದ ಹಾಗೆ ತಿರುಗಬೇಕು, ಅಷ್ಟೇ. ತಿರುಗಿದ್ರು, ಅವನಿಗೆ ಹಿಡಿಸ್ಲಿಲ್ಲ. ಮತ್ತೆ, ಮತ್ತೆ. ಬೆವರಲ್ಲಿ ಮೇಕಪ್ ಇಳೀತಿತ್ತು. ಅಷ್ಟರಲ್ಲಿ ಊಟದ ಗಾಡಿಯ ಜಯಣ್ಣ ಪರೋಟದ ಡಬ್ಬ ಹೊತ್ಕೊಂಡು ಬರೋದು ಕಂಡಿತು. ಹಸಿವಲ್ಲಿ ನಾನು ನಮ್ಮ ಹುಡುಗರಿಗೆ ಬೊಬ್ಬೆ ಹೊಡೆದೆ: “ಅಣ್ಣೆ ಬತ್ತೆರ್!”

ಮೇಡಂ ತಿರುಗಿದ್ರು.

ಹಾಗೆ ತಿರುಗಿದವರನ್ನ ನಾನು ಮತ್ತೆ ನೋಡ್ಲಿಲ್ಲ. ಡೈರೆಕ್ಟರ್ ಖುಷಿಯಲ್ಲಿ “ಖಲಾಸ್!” ಅಂದ. ಆ ಶಾಟಿಗೆ ಸೌಂಡ್ ಬೇಡವಾಗಿತ್ತು, ನನ್ನ ಪುಣ್ಯ. ವ್ಯಾನಲ್ಲಿ ಮೇಡಂ ಕೇಳಿದ್ರು, “ಆ ದೊಡ್ಡ ಮೀಸೆಯವನನ್ನ ಅಮ್ಮ ಅಂತ ಯಾಕೆ ಕರೆದೆ?” ಅವರ ಭಾಷೆಯಲ್ಲಿ ಅನ್ನೆ ಅಂದ್ರೆ ಅಮ್ಮ. ಅಣ್ಣ ಅಂತ ಹೇಳಿದೆ ನಾನು. ಅವರು ನಕ್ಕರು, ಮತ್ತೆ ಕಿಟಕಿ ಕಡೆ ಮುಖ ಮಾಡಿದ್ರು. ಅಮ್ಮ ತೀರಿಕೊಂಡು ವರ್ಷ ಆಗಿರ್ಲಿಲ್ಲ.

ಊರಿಗೆ ಹೋಗುವಾಗ ಏರ್‌ಪೋರ್ಟಲ್ಲಿ ಹೇಳಿದ್ರು: “ಆ ಶಾಟ್ ಉಳಿದ್ರೆ ಮತ್ತೆ ಆಕ್ಟ್ ಮಾಡ್ತೇನೆ. ನೀನೇ ನೋಡಿ ಹೇಳು. ನಮ್ಮವರು ನನಗೆ ಬೇಜಾರಾಗ್ತದೆ ಅಂತ ಸುಳ್ಳು ಹೇಳ್ತಾರೆ. ನಿನಗೆ ಸುಳ್ಳು ಹೇಳುವಷ್ಟು ಇಂಗ್ಲಿಷ್ ಇಲ್ಲ. ಶಾಟ್ ಇದ್ರೆ ನಮ್ಮ ಭಾಷೆಯಲ್ಲಿ ವಾರ್ ಅಂತ ಕಳಿಸು, ಇಲ್ಲದಿದ್ರೆ ಯೋಕ್.”

ಸಿನಿಮಾ ಇಲ್ಲಿ ಬರ್ಲೇ ಇಲ್ಲ, ಹೆಸರೂ ಬದಲಾಯ್ತಂತೆ. “ವಾರ್? ಯೋಕ್?” ಅಂತ ಅವರ ಮೆಸೇಜ್ ಬರ್ತಿತ್ತು. ಆಮೇಲೆ ಬರೀ ಪ್ರಶ್ನೆ ಚಿಹ್ನೆ. ಆಮೇಲೆ ಅದೂ ಇಲ್ಲ. ಒಬ್ಬರ ಬದುಕು ನನ್ನ ಕಣ್ಣಿಗೆ ಕಾಯ್ತಾ ಉಂಟು ಅಂದ್ರೆ ಕೂತು ಊಟ ಮಾಡ್ಲಿಕ್ಕೆ ಆಗ್ತದಾ ಹೇಳಿ?

ಇವತ್ತು ಹೆಂಡತಿ ಫೋನಲ್ಲಿ ಹಾಗೆ ಅಂದ ಹೊತ್ತಿಗೇ ಟಿವಿಯಲ್ಲಿ ಆ ಬಸ್ ಸ್ಟಾಪ್ ಬಂತು. ಅವರು ತಿರುಗಿದ್ರು. ಒಂದು ಉಸಿರಿನಷ್ಟು ಹೊತ್ತು, ಶಾಟ್ ಹೋಯ್ತು.

“ಹಿಂದೆ ಹಾಕು, ಹಿಂದೆ ಹಾಕು!” ಅಂತ ಕೂಗಿದೆ. ಮಗಳು ರಿಮೋಟ್ ಒತ್ತಿ ಆ ಮುಖ ನಿಲ್ಲಿಸಿದಳು. “ಪಪ್ಪಾ, ಹೂ ಈಸ್ ಶಿ?”

ಹೆಂಡತಿ ಹತ್ತಿರ ಬಂದು ನೋಡಿದಳು. “ಯಾರನ್ನ ನೋಡ್ತಿದ್ದಾರೆ ಇವರು?”

“ಜಯಣ್ಣನ್ನ. ಪರೋಟದ ಡಬ್ಬ.”

ಅವಳು ನಗ್ಲಿಲ್ಲ.

ಹಳೇ ನಂಬರ್ ತೆಗೆದು ಒಂದೊಂದೇ ಅಕ್ಷರ ಹುಡುಕಿ ಟೈಪ್ ಮಾಡಿದೆ. “ಐ ವಿಲ್ ಡೂ ಇಟ್” ಅಂದಳು ಮಗಳು. ಬೇಡ ಅಂದೆ. ವಾರ್. ಕಳಿಸಿದೆ. ಈಗ ಆ ನಂಬರ್ ಯಾರ ಹತ್ರ ಉಂಟೋ, ಗೊತ್ತಿಲ್ಲ. ಟಿವಿ ಆಫ್ ಮಾಡಿದೆ.

ಆಗ ಬಾಗಿಲ ಕಡೆ ತಿರುಗಿದೆ. ಭಾವ ಮೀನಿನ ಚೀಲ ಹಿಡ್ಕೊಂಡು ನಿಂತೇ ಇದ್ರು.

“ಈಗ ಕಂಡ್ನಾ ನಾನು?” ಅಂದ್ರು.

“ಕಂಡ್ರಿ ಭಾವ,” ಅಂದೆ, “ಬನ್ನಿ, ಕೂತ್ಕೊಳ್ಳಿ.” ನಾನೂ ಕೂತೆ.