ಹಂಸಪಾದ ಹಾಕಿದ ಪದ

ನನ್ನ ಅಣ್ಣ ನಲವತ್ತು ವರ್ಷ ಒಂದೇ ಪ್ರೆಸ್ಸಿನಲ್ಲಿ ಕರಡು ತಿದ್ದಿದ. ಬಿಟ್ಟುಹೋದ ಪದವನ್ನು ಸೇರಿಸಲು ಸಾಲಿನ ಕೆಳಗೆ ಹಾಕುವ ಪುಟ್ಟ ಗುರುತಿಗೆ ಹಂಸಪಾದ ಎನ್ನುತ್ತಾರೆ. ಪ್ರೆಸ್ಸಿನವರು ಅವನಿಗೂ ಅದೇ ಹೆಸರಿಟ್ಟಿದ್ದರು. ಎದುರಿಗೆ ಸಾರ್, ಬೆನ್ನ ಹಿಂದೆ ಹಂಸಪಾದ. ಔಷಧಿ ಡಬ್ಬಿಯ ಮೇಲಿನ ಚೀಟಿ ಕಂಡರೂ ಕಿಸೆಯಿಂದ ಕೆಂಪು ಪೆನ್ನು ತೆಗೆಯುವ ಆಸಾಮಿ. ನಾನು ಬರೆದುಕೊಟ್ಟ ಸಾಮಾನಿನ ಪಟ್ಟಿಯನ್ನು ದಾರಿಯಲ್ಲೇ ತಿದ್ದಿ, ಸೋಪು ತರುವುದನ್ನೇ ಮರೆತು ಬರುತ್ತಿದ್ದ.

ಸೈಕಲ್ ಅಂಗಡಿಯ ಮೇಲಿನ ಎರಡು ಕೋಣೆಗಳಲ್ಲಿ ನಾವಿಬ್ಬರೇ ಇರುವುದು. ಒಂದರಲ್ಲಿ ನನ್ನ ಹೊಲಿಗೆ ಯಂತ್ರ, ಇನ್ನೊಂದರಲ್ಲಿ ಅವನ ಮೇಜು. ಅವನು ಕರಡಿನ ಒಂದೊಂದು ಪುಟವನ್ನೂ ಮೊದಲು ಅದರ ಕೊನೆಯ ಪದದಿಂದ ಹಿಂದಕ್ಕೆ ಓದುತ್ತಿದ್ದ. "ಅರ್ಥದ ಕಡೆ ಮನಸ್ಸು ಹೋದ್ರೆ ಕಣ್ಣು ಮೋಸ ಹೋಗತ್ತೆ" ಎನ್ನುವನು. ಅದು ಮುಗಿದ ಮೇಲೆಯೇ ಲೇಖಕರ ಮೂಲಪ್ರತಿಯನ್ನು ಬಿಚ್ಚಿ ಹೋಲಿಸುವುದು. ಈ ಕ್ರಮ ಒಂದು ದಿನವೂ ತಪ್ಪಿದ್ದಿಲ್ಲ.

ಹೋದ ವರ್ಷ ಅವನ ಮೇಜಿಗೆ ಒಬ್ಬ ನಿವೃತ್ತ ಖಗೋಳದ ಮೇಷ್ಟ್ರ ಪುಸ್ತಕ ಬಂತು. ಎಷ್ಟೋ ಲೋಕಗಳಲ್ಲಿ ಜೀವಿಗಳಿವೆ, ಅವಕ್ಕೆಲ್ಲ ಒಂದೇ ಭಾಷೆ ಎಂದು ಮೇಷ್ಟ್ರ ವಾದ. ನಾವೂ ಅದನ್ನು ಹೊತ್ತುಕೊಂಡೇ ಹುಟ್ಟುತ್ತೇವಂತೆ, ತಾಯಿಯ ಮಾತು ಬಂದಂತೆ ಅದು ಒಳಗೆ ಮುಚ್ಚಿಹೋಗುತ್ತದಂತೆ. ಕಾಯಿಲೆ ಬಿದ್ದು ಕಲಿತ ಮಾತೆಲ್ಲ ಅಳಿಸಿಹೋದವರ ಬಾಯಲ್ಲಿ ಅದೇ ಮತ್ತೆ ಮೇಲೆ ಬರುತ್ತದಂತೆ. ಅಂಥ ರೋಗಿಗಳ ಮಂಚದ ಪಕ್ಕ ಕೂತು ಅವರು ಪದಗಳನ್ನು ಕೂಡಿಹಾಕಿದ್ದರು. ನಾನು ಕೇಳಿ ನಕ್ಕುಬಿಟ್ಟೆ. ಅಣ್ಣ ನಗಲಿಲ್ಲ.

ಒಂದು ಭಾನುವಾರ ಮಧ್ಯಾಹ್ನ ಅವನು ಕರೆದ. "ಪುಟ್ಟೀ, ಬಾ ಇಲ್ಲಿ." ಅರವತ್ತು ದಾಟಿದರೂ ಅವನಿಗೆ ನಾನು ಪುಟ್ಟಿಯೇ. ಹೋದೆ. ಅವನು ಕರಡನ್ನು ನನ್ನ ಕಡೆ ತಿರುಗಿಸಿದ.

ಕರಡಿನಲ್ಲಿ ಆ ಭಾಷೆಯ ಒಂದು ಉದ್ದನೆಯ ಸಾಲಿತ್ತು. ಅದರ ನಡುವೆ ಅವನು ಕೆಂಪು ಹಂಸಪಾದ ಹಾಕಿ, ಅಂಚಿನಲ್ಲಿ ಒಂದು ಪದ ಬರೆದಿದ್ದ: ಹಿಲೂನ.

"ಇಲ್ಲಿ ಪದ ಬಿಟ್ಟುಹೋಗಿದೆ ಅನ್ನಿಸ್ತು, ಬರೆದೆ. ಆಮೇಲೆ ಮೂಲಪ್ರತಿ ತೆಗೆದೆ. ನೋಡು."

ಮೇಷ್ಟ್ರ ಕೈಬರಹದಲ್ಲಿ, ಅದೇ ಜಾಗದಲ್ಲಿ, ಅದೇ ಪದವಿತ್ತು.

"ಮೊದಲೇ ಕಣ್ಣಿಗೆ ಬಿದ್ದಿರತ್ತೆ, ಬಿಡು" ಎಂದೆ.

"ನಲವತ್ತು ವರ್ಷದಲ್ಲಿ ಯಾವತ್ತಾದ್ರೂ ಮೂಲಪ್ರತಿ ಮೊದಲು ನೋಡಿದೀನಾ? ಆ ಪದ ಯಾರದ್ದು ಅಂತ ನಿಂಗೂ ಗೊತ್ತು."

ಗೊತ್ತಿತ್ತು.

ನನಗೆ ಒಂಬತ್ತು, ಅವನಿಗೆ ಹನ್ನೆರಡು ಇದ್ದಾಗ ಅಪ್ಪ ಕುಸಿದು ಬಿದ್ದರು. ಎಚ್ಚರವಾದಾಗ ನಮ್ಮ ಮಾತು ಒಂದೂ ಅವರ ಬಾಯಲ್ಲಿ ಇರಲಿಲ್ಲ. ಏನೇನೋ ಕೂಗುತ್ತಿದ್ದರು, ಅಕ್ಕಪಕ್ಕದವರು ಜಗಳಕ್ಕೆ ಬರುತ್ತಿದ್ದರು. ಅಮ್ಮ ಕೆಲಸಕ್ಕೆ ಹೋಗುವಾಗ ಹಿಂದಿನ ಕೋಣೆಗೆ ಅಗುಳಿ ಹಾಕಿ, ಕೂಗಿದರೂ ತೆಗೆಯಬೇಡಿ ಎಂದು ಹೇಳಿ ಹೋಗುತ್ತಿದ್ದಳು. ಒಂದು ಬಿರುಬೇಸಿಗೆಯ ದಿನ ಅವರು ಕೂಗಲಿಲ್ಲ. ಬಾಗಿಲಿನ ಕೆಳಗೆ ಬೆರಳು ತೂರಿಸಿ, ಮೆಲ್ಲಗೆ, ಹಿಲೂನ, ಹಿಲೂನ ಎನ್ನುತ್ತಿದ್ದರು. ಅಣ್ಣನೂ ನಾನೂ ಹೊರಗೆ ಗೋಡೆಗೆ ಒತ್ತಿಕೊಂಡು ಕೂತಿದ್ದೆವು. ಅಮ್ಮ ಸಂಜೆ ಬಂದು ಅಗುಳಿ ತೆಗೆಯುವ ಹೊತ್ತಿಗೆ ಅವರು ತೀರಿಕೊಂಡಿದ್ದರು.

"ನಂಗೂ ಅಪ್ಪನ ಥರ ಆಗ್ತಿದೆ, ಪುಟ್ಟಿ" ಎಂದ ಅಣ್ಣ. "ನಿನ್ನೆ ಪೊರಕೆಗೆ ಏನಂತಾರೆ ಅಂತ ಗಳಿಗೆ ಹೊತ್ತು ಹೊಳೀಲಿಲ್ಲ. ಆ ಪದ ಮಾತ್ರ ತಾನಾಗೇ ಕೈಗೆ ಬಂತು." ಪುಸ್ತಕದ ಕೊನೆಯ ಎಂಟು ಪುಟ ಪದಕೋಶ. ಅದನ್ನು ಮೇಜಿನ ಮೇಲೆ ಮಗುಚಿ ಇಟ್ಟಿದ್ದ. "ಇದನ್ನ ನೋಡೋಕೆ ನಂಗೆ ಧೈರ್ಯ ಇಲ್ಲ. ನೀನು ನೋಡಿ ಹೇಳು."

ಕಿಟಕಿಯ ಹತ್ತಿರ ಒಯ್ದು ಹುಡುಕಿದೆ. ಆರನೆಯ ಪುಟದಲ್ಲಿತ್ತು. ಹಿಲೂನ: ನೀರು, ಕುಡಿಯಲು ನೀರು ಕೊಡಿ.

ಅಣ್ಣ ನನ್ನ ಮುಖವನ್ನೇ ನೋಡುತ್ತಿದ್ದ. ಜೀವಮಾನದಲ್ಲಿ ಅವನಿಗೆ ನಾನು ಹೇಳಿದ ಸುಳ್ಳುಗಳು ಕಡಿಮೆಯೇನಲ್ಲ, ಆದರೆ ಇದರಷ್ಟು ಕಷ್ಟದ್ದು ಇನ್ನೊಂದಿರಲಿಲ್ಲ.

"ಈ ಪದ ಪಟ್ಟೀಲಿ ಇಲ್ಲ" ಎಂದೆ.

"ಸರಿಯಾಗಿ ನೋಡಿದ್ಯಾ?"

"ಎರಡು ಸಲ ನೋಡ್ದೆ. ಇಲ್ಲ."

ಅವನು ಆ ಎಂಟು ಪುಟಗಳನ್ನು ತಿದ್ದದೆ, ಓದದೆ, ಹಾಗೇ ಲಕೋಟೆಗೆ ಸೇರಿಸಿದ. ಓದದ ಪುಟ ಅವನ ಕೈಯಿಂದ ಪ್ರೆಸ್ಸಿಗೆ ಹೋದದ್ದು ಅದೊಂದೇ ಸಲ.

"ನಂಗೆ ಹಾಗೇನಾದ್ರೂ ಆದ್ರೆ ಬಾಗಿಲು ಹಾಕ್ಬೇಡ ಕಣೇ" ಎಂದ.

ಮಾರನೆಯ ದಿನ ಕೆಳಗಿನ ಸೈಕಲ್ ಅಂಗಡಿಯವನನ್ನು ಕರೆದು ಎರಡೂ ಕೋಣೆಗಳ ಅಗುಳಿ ಬಿಚ್ಚಿಸಿದೆ. ಕಳ್ಳರಿಗೆ ಸಲೀಸಾಯ್ತು ಎಂದು ಅವನು ನಕ್ಕ. ಕಳ್ಳರ ಭಯ ನನಗಿಲ್ಲ. ಪದಕೋಶದಲ್ಲಿ ಅರ್ಥ ಓದಿದಾಗ ನನಗೆ ಆಶ್ಚರ್ಯವಾಗಲಿಲ್ಲ, ಅದೇ ನನ್ನ ಭಯ. ಒಂಬತ್ತರ ವಯಸ್ಸಿನಲ್ಲಿ, ಆ ಬೆರಳುಗಳನ್ನು ನೋಡುತ್ತಾ ಕೂತಿದ್ದಾಗಲೂ, ನನಗೆ ಅರ್ಥವಾಗಿತ್ತೇನೋ.

ಅಂದಿನಿಂದ ಅಣ್ಣನ ಮೇಜಿನ ಮೇಲೆ, ಕೈಗೆಟುಕುವ ಕಡೆ, ಒಂದು ಲೋಟ ನೀರು ಇಡುತ್ತೇನೆ. ಖಾಲಿಯಾದರೆ ಮತ್ತೆ ತುಂಬಿಸುತ್ತೇನೆ. ಕಂಡದ್ದಕ್ಕೆಲ್ಲ ತಪ್ಪು ಹುಡುಕುವ ಮನುಷ್ಯ, ಇದು ಯಾಕೆ ಎಂದು ಈವರೆಗೆ ಒಮ್ಮೆಯೂ ಕೇಳಿಲ್ಲ.