ಮೈದುನ ಕೇಳಿದ ಮಂದು

ನನಗೆ ಮೊಮ್ಮಗಳು ಹುಟ್ಟಿದ್ದಾಳೆ! ತಾಯಿ ಮಗು ಇಬ್ಬರೂ ಗಟ್ಟಿಯಾಗಿ ಈವತ್ತು ಮನೆಗೆ ಬಂದರು. ನಾನು ನಾಲ್ಕನೇ ಕ್ಲಾಸು ದಾಟದವಳು, ಅಕ್ಷರ ಓರೆಕೋರೆ. ಆದರೂ ಇದನ್ನು ಬರೆಯದೆ ಕೈ ಸುಮ್ಮನಿರುತ್ತಿಲ್ಲ.

ಮಗಳಿಗೆ ಇದು ಎರಡನೆಯ ಹೆರಿಗೆ. ಮೊದಲನೆಯದರಲ್ಲಿ ರಕ್ತ ನಿಲ್ಲದೆ ಅವಳು ನಮ್ಮ ಕೈಬಿಟ್ಟು ಹೋಗುವುದರಲ್ಲಿದ್ದಳು. ಹಾಗಾಗಿ ಈ ಸಲ ಮಗು ಅವಳ ಹೊಟ್ಟೆಯಲ್ಲಿ, ಭಯ ನನ್ನ ಹೊಟ್ಟೆಯಲ್ಲಿ.

ನನ್ನ ಮೈದುನ ಹಿಂದೆ ಎಮ್ಮೆಲ್ಲೆ ಆಗಿದ್ದವನು. ಸೋತ ಮೇಲೆ ಪಾರ್ಟಿ ಬಿಟ್ಟ. ಈಗ ಟೀವಿಯಲ್ಲಿ ಕೂತು ಸರ್ಕಾರಿ ಆಸ್ಪತ್ರೆಗಳು ಹೇಗಿರಬೇಕು ಅಂತ ಮಾತಾಡುತ್ತಾನೆ, ಪೇಪರಿಗೂ ಬರೆಯುತ್ತಾನೆ. ಹೆರಿಗೆಗೆ ಹೆಣ್ಣುಮಕ್ಕಳು ತಾಲ್ಲೂಕು ದಾಟುವ ಹಾಗಾಗಬಾರದು ಅನ್ನುವುದು ಅವನು ಯಾವಾಗಲೂ ಹೇಳುವ ಮಾತು. ಅವನ ಅಣ್ಣ, ಅಂದರೆ ನಮ್ಮ ಯಜಮಾನರು, ರೇಗಿಸುತ್ತಿದ್ದರು.

"ಲೇ, ಟೀವೀಲಿ ಹೇಳೋದು ಸುಲಭ ಕಣೋ. ನಮ್ಮನೆ ಹುಡುಗೀನ ಶ್ರೀನಿವಾಸಪುರದ ತಾಲ್ಲೂಕು ಆಸ್ಪತ್ರೆಗೆ ಸೇರಿಸ್ತೀಯಾ?"

"ನಾನೇ ಕರ್ಕೊಂಡು ಹೋಗ್ತೀನಿ. ರಕ್ತ ನಿಲ್ಲೋ ಔಷಧಿ ಇಲ್ಲ ಅಂದ್ರೆ ಬಾಗಿಲಿಂದಾನೇ ಕೋಲಾರಕ್ಕೆ ಕಾರು ತಿರುಗಿಸ್ತೀನಿ."

ನಾಲ್ಕು ದಿನದ ಹಿಂದೆ ಬೆಳಿಗ್ಗೆ ನೋವು ಶುರುವಾಯಿತು. ನಮ್ಮೂರು ಯಲ್ದೂರಿನಿಂದ ಅವನದೇ ಕಾರಿನಲ್ಲಿ ಹೊರಟೆವು. ಆಸ್ಪತ್ರೆ ಮುಂದೆ ಇಳಿದವನೇ ಬಾಗಿಲಲ್ಲಿದ್ದ ವಾಚ್‌ಮನ್ ಹತ್ತಿರ ಓಡಿದ. ಟೀವಿಯಲ್ಲಿ ಅಷ್ಟು ಶುದ್ಧವಾಗಿ ಮಾತಾಡುವವನಿಗೆ ಗಾಬರಿಯಲ್ಲಿ ಮನೆಮಾತೇ ಬಾಯಿಗೆ ಬಂತು.

"ಅಯ್ಯಾ, ಒಳಗೆ ಮಂದು ಇದೆಯಾ?"

ನಮ್ಮ ಕಡೆ ಕನ್ನಡದೊಳಗೆ ತೆಲುಗು ಬೆರೆತಿರುತ್ತದೆ. ಔಷಧಿಯೂ ಮಂದು, ಕುಡಿಯುವ ಬಾಟ್ಲಿಯೂ ಮಂದು. ಹಳೇ ಎಮ್ಮೆಲ್ಲೆಯ ಮುಖ ಕಂಡ ವಾಚ್‌ಮನ್‌ಗೆ ಎಲೆಕ್ಷನ್ನೇ ನೆನಪಾಗಿರಬೇಕು. ಹತ್ತಿರ ಬಂದು ಸಣ್ಣ ದನಿಯಲ್ಲಿ ಹೇಳಿದ.

"ಅಣ್ಣಾ, ಇದು ಆಸ್ಪತ್ರೆ. ಮಂದು ಬೇಕಂದ್ರೆ ಬಸ್ ಸ್ಟ್ಯಾಂಡ್ ಹತ್ರ ಹೋಗ್ಬೇಕು. ಇಷ್ಟೊತ್ತಿಗೆ ಅಂಗಡಿ ತೆಗ್ದಿರಲ್ಲ."

ಕಾರಿನಲ್ಲಿ ನರಳುತ್ತಿದ್ದ ಮಗಳು ಹೊಟ್ಟೆ ಹಿಡಿದುಕೊಂಡು ನಕ್ಕಳು. "ಚಿಕ್ಕಪ್ಪಾ, ನಗಿಸ್ಬೇಡಿ, ಇಲ್ಲೇ ಆಗ್ಬಿಡುತ್ತೆ!"

ಗಲಾಟೆ ಕೇಳಿ ಬಂದ ನರ್ಸಮ್ಮ ವಿಷಯ ತಿಳಿದು ಮೈದುನನನ್ನು ಒಳಗೆ ಕರೆದರು, ಫ್ರಿಜ್ ತೆಗೆದು ಇಂಜೆಕ್ಷನ್ ತೋರಿಸಿದರು. "ಇದೆ ಸಾರ್. ರಕ್ತಾನೂ ಇದೆ, ಡಾಕ್ಟ್ರೂ ಬಂದಿದ್ದಾರೆ." ಕಾರು ಕೋಲಾರದ ಕಡೆ ತಿರುಗಲಿಲ್ಲ.

ಮಧ್ಯಾಹ್ನ ಮಗುವಿನ ಅಳು ಕೇಳಿಸಿತು. ಈ ಸಲವೂ ರಕ್ತ ಜಾಸ್ತಿ ಹೋಗಲು ಶುರುವಾಗಿತ್ತಂತೆ. ಆ ಮಂದು ಕೊಟ್ಟ ಮೇಲೆ ನಿಂತಿತು. ಅದನ್ನು ಕೇಳಿ ಮೈದುನ ಗೋಡೆ ಕಡೆ ತಿರುಗಿ ಕಣ್ಣೊರೆಸಿಕೊಂಡ. ಎಲೆಕ್ಷನ್ ಸೋತ ದಿನವೂ ಅವನು ಅತ್ತಿರಲಿಲ್ಲ.

ಈವತ್ತು ಆಸ್ಪತ್ರೆಯಿಂದ ಬಂದ ಮೇಲೆ ಸಾಯಂಕಾಲ ನಡುಮನೆಯಲ್ಲಿ ಎಲ್ಲರೂ ಒಟ್ಟಿಗೆ ಊಟಕ್ಕೆ ಕೂತೆವು. ನಮಗೆ ಮುದ್ದೆ, ಬಸ್ಸಾರು. ಬಾಣಂತಿಗೆ ಬಿಸಿ ಅನ್ನ, ಬೆಳ್ಳುಳ್ಳಿ ಹಾಕಿದ ಮೆಣಸಿನ ಸಾರು. ಅದರ ಘಮ ಬಂದಿದ್ದೇ ಮೈದುನ ತಟ್ಟೆ ಚಾಚಿದ.

"ಅತ್ಗೆ, ನಂಗೂ ಒಂದು ಸೌಟು ಆ ಮಂದು ಹಾಕಿ."

"ನೋಡ್ದ್ಯಾ, ಚಾಳಿ ಬಿಟ್ಟಿಲ್ಲ ಇವ್ನು" ಅಂದರು ಯಜಮಾನರು.

ನಾನು ಎರಡು ಸೌಟು ಹಾಕಿದೆ.